ಇಟ್ಟಿಗೆ ಕಟ್ಟಿದ ಮಂಚ, ವೈರಿಲ್ಲದ ರಿಮೋಟು

ನಮ್ಮತ್ತೆ ಸಿಂಧಘಟ್ಟದ ದನದ ಕೊಟ್ಟಿಗೆಯಲ್ಲಿ ಜಾರಿ ಬಿದ್ದು ತೊಡೆಮೂಳೆ ಮುರಿದುಕೊಂಡ ವರ್ಷ ನನಗೆ ಬೇಕಾಗಿದ್ದದ್ದು ಒಂದೇ ಒಂದು. ಒಡವೆ ಬೇಡ, ಸೀರೆ ಬೇಡ, ತೀರ್ಥಯಾತ್ರೆಯೂ ಬೇಡ. ದಿನಕ್ಕೆ ಒಂದು ಗಂಟೆ ಯಾರೂ ನನ್ನನ್ನು ಕರೆಯಬಾರದು, ಅಷ್ಟೆ. ಆ ಒಂದು ಗಂಟೆಗಾಗಿ ನಾನು ಒಂದು ವೀಡಿಯೋ ಗೇಮಿನ ಹಿಂದೆ ಬಿದ್ದೆ. ನನ್ನಂಥವಳು ಅಂಥದ್ದರ ಹಿಂದೆ ಬಿದ್ದಳೆಂದರೆ ಈಗಲೂ ಆಫೀಸಿನ ಗೆಳತಿಯರು ನಗುತ್ತಾರೆ. ನಗಲಿ. ಅವರ ಮನೆಯ ಹಾಲ್‌ನಲ್ಲಿ ಇಟ್ಟಿಗೆ ಕಟ್ಟಿದ ಮಂಚ ಇರಲಿಲ್ಲ.

ತೊಂಬತ್ತರ ದಶಕ ಮುಗಿಯುತ್ತಾ ಬಂದಿತ್ತು. ನಾವು ಪಾಂಡವಪುರದಲ್ಲಿ ಬಾಡಿಗೆ ಮನೆಯಲ್ಲಿದ್ದೆವು. ನಾನು ಶ್ರೀರಂಗಪಟ್ಟಣದ ಒಂದು ಸರ್ಕಾರಿ ಕಚೇರಿಯಲ್ಲಿ ಗುಮಾಸ್ತೆ. ನಮ್ಮ ಯಜಮಾನರು ಕೆ.ಆರ್.ಪೇಟೆ ಕಡೆ ಹೈಸ್ಕೂಲು ಮೇಷ್ಟ್ರು, ಅಲ್ಲೇ ರೂಮು ಮಾಡಿಕೊಂಡು ಶನಿವಾರ ಮಧ್ಯಾಹ್ನ ಬಂದು ಸೋಮವಾರ ಬೆಳಿಗ್ಗೆ ಹೊರಡುತ್ತಿದ್ದರು. ಇದ್ದವಳೊಬ್ಬಳು ಮಗಳು, ಆಗ ಐದನೇ ಕ್ಲಾಸು. ಅತ್ತೆಗೆ ಊರಲ್ಲಿ ಗದ್ದೆ, ದನ, ಆಳುಕಾಳು ಎಲ್ಲ ಇದ್ದವು, ಮೂಳೆ ಡಾಕ್ಟರು ಮಾತ್ರ ಇರಲಿಲ್ಲ. ಹಾಗಾಗಿ ಬಿದ್ದವರನ್ನು ನೇರವಾಗಿ ನಮ್ಮ ಮನೆಗೆ ತಂದರು.

ಅವರಿಗೆ ಶುಗರ್ ಇತ್ತು, ವಯಸ್ಸೂ ಆಗಿತ್ತು. ಆಪರೇಷನ್ ಬೇಡವೆಂದು ಡಾಕ್ಟರು ತೂಕ ಕಟ್ಟಿ ಮಲಗಿಸಿದರು. ಮಂಚದ ಕಾಲುದೆಸೆಗೆ ಇಟ್ಟಿಗೆ ಕೊಟ್ಟು ಎತ್ತರಿಸಿದರು. ಅತ್ತೆಯ ಕಾಲಿಗೆ ಪಟ್ಟಿ ಸುತ್ತಿ, ಅದರಿಂದ ಹೊರಟ ಹಗ್ಗವನ್ನು ಒಂದು ರಾಟೆಯ ಮೇಲೆ ಹಾಯಿಸಿ, ತುದಿಗೆ ಗೋಣಿಚೀಲದಲ್ಲಿ ಇನ್ನಷ್ಟು ಇಟ್ಟಿಗೆ ತೂಗುಬಿಟ್ಟರು. ಹಗ್ಗ ಅಲುಗಬಾರದು, ಮಂಚ ಜರುಗಬಾರದು, ಅತ್ತೆ ಮಗ್ಗುಲು ಹೊರಳಬಾರದು. ಎರಡು ತಿಂಗಳೋ, ಮೂರೋ, ನೋಡೋಣ ಎಂದರು ಡಾಕ್ಟರು. ಅವರಿಗೇನು, ನೋಡೋಣ ಎಂದು ಹೇಳಿ ಹೋದರು. ನೋಡುವವಳು ನಾನಿದ್ದೆನಲ್ಲ.

ಬೆಳಿಗ್ಗೆ ಎದ್ದು ಅತ್ತೆಯ ಮೈ ಒರೆಸಿ, ಬೆನ್ನು ಹುಣ್ಣಾಗದಂತೆ ಪೌಡರ್ ಹಚ್ಚಿ, ಬೆಡ್‌ಪ್ಯಾನ್ ತೊಳೆದಿಟ್ಟು, ತಿಂಡಿ ಮಾಡಿ, ಮಗಳ ಜಡೆ ಹಾಕಿ, ಬಸ್ಸು ಹಿಡಿಯುತ್ತಿದ್ದೆ. ಹಗಲು ಪಕ್ಕದ ಮನೆಯ ಅಜ್ಜಿಯೊಬ್ಬರು ಬಂದು ಕೂರುತ್ತಿದ್ದರು. ಪುಣ್ಯಾತ್ಗಿತ್ತಿ, ನನ್ನ ಬಸ್ಸಿನ ಸದ್ದು ಬೀದಿ ತಿರುವಿನಲ್ಲಿ ಕೇಳುತ್ತಿದ್ದಂತೆ ಎದ್ದು ಚಪ್ಪಲಿ ಮೆಟ್ಟುತ್ತಿದ್ದರು. ನಮ್ಮ ಕಚೇರಿಯ ಕಿಟಕಿಯಿಂದ ಕರಿಘಟ್ಟ ಕಾಣುತ್ತಿತ್ತು. ಫೈಲು ಬರೆಯುತ್ತಾ ತಲೆಯೆತ್ತಿದಾಗಲೆಲ್ಲ, ಅಲ್ಲಿ ಹೋಗಿ ಒಂದು ಕಲ್ಲಿನ ಮೇಲೆ ಸುಮ್ಮನೆ ಕೂತು ಬಂದರೆ ಸಾಕು ಎನಿಸುತ್ತಿತ್ತು. ಹೋಗಲಿಲ್ಲ. ಸಂಜೆಯ ಬಸ್ಸಿನಲ್ಲಿ ಕಂಬಿ ಹಿಡಿದು ನಿಂತೇ ಮನೆ ಸೇರುತ್ತಿದ್ದೆ.

ಒಳಗೆ ಕಾಲಿಡುತ್ತಿದ್ದಂತೆ ಶುರುವಾಗುತ್ತಿತ್ತು.

"ಅಮ್ಮಣ್ಣೀ... ಬಂದೇನವ್ವ?"

"ಬಂದೆ ಅತ್ತೆ."

ಚಪ್ಪಲಿ ಬಿಟ್ಟು ಮುಖ ತೊಳೆಯುವಾಗ ಇನ್ನೊಂದು. ಒಲೆ ಹಚ್ಚುವಾಗ ಇನ್ನೊಂದು. ಹಿಟ್ಟು ತೊಳಸುವಾಗ, ಕೈಯೆಲ್ಲ ಮುದ್ದೆಯಾಗಿರುವಾಗ ಇನ್ನೊಂದು. "ಅಮ್ಮಣ್ಣೀ, ಎಲ್ಲಿದ್ದೀಯವ್ವ?" ನಾನು ಕೈ ತೊಳೆದು ಓಡಿಬಂದು "ಏನತ್ತೆ?" ಎಂದರೆ, "ಏನಿಲ್ಲ ಕನವ್ವ, ಅಂಗೇ ಕೂಗ್ದೆ" ಎನ್ನುತ್ತಿದ್ದರು.

ಏನೂ ಇಲ್ಲ! ನೀರು ಬೇಕೆಂದರೆ ಕೊಡಬಹುದು. ಬೆಡ್‌ಪ್ಯಾನ್ ಎಂದರೆ ಅದೂ ಸರಿ. ಏನೂ ಇಲ್ಲವೆಂದರೆ ಏನು ಕೊಡುವುದು? ಜಗಳವಾಡೋಣವೆಂದರೆ ಕಾಲಿಗೆ ಇಟ್ಟಿಗೆ ಕಟ್ಟಿಸಿಕೊಂಡು ಬಿದ್ದವರ ಜೊತೆ ಜಗಳವಾಡಲೂ ಆಗದು. ಒಂದು ಕಾಲದಲ್ಲಿ ಈಕೆ ಕಣದಲ್ಲಿ ನಿಂತು ಒಂದು ಗದರು ಗದರಿದರೆ ಆಳುಗಳೆಲ್ಲ ಬೀಡಿ ಆರಿಸುತ್ತಿದ್ದರು. ಮದುವೆಯಾದ ಹೊಸದರಲ್ಲಿ ನನಗೂ ಆ ಗದರು ತಗುಲಿದೆ. ಆ ಗಂಟಲಿಗೆ ಈಗ ನನ್ನ ಹೆಸರೊಂದು ಬಿಟ್ಟು ಬೇರೆ ಕೆಲಸ ಇರಲಿಲ್ಲ.

ಹೀಗಿರುವಾಗ ನಾಗಮಂಗಲದಿಂದ ನನ್ನ ನಾದಿನಿ ಬಂದಳು. ಅತ್ತೆಯ ಒಬ್ಬಳೇ ಮಗಳು. ಹದಿನೈದು ದಿನ ಇದ್ದು ತಾಯಿಯನ್ನು ನೋಡಿಕೋ ಎಂದು ನಾನು ಹೇಳಿಕಳಿಸಿದ್ದೆ. ಅವಳು ಬೆಳಿಗ್ಗೆ ಬಂದು, ತಾಯಿಯ ಕೈ ಹಿಡಿದು ಚೆನ್ನಾಗಿ ಅತ್ತು, ಊಟ ಮಾಡಿ, ಸಾಯಂಕಾಲದ ಬಸ್ಸಿಗೆ ಹೊರಟುನಿಂತಳು. ಹೊರಡುವಾಗ ಚೀಲದಿಂದ ಒಂದು ಡಬ್ಬ ತೆಗೆದು ನನ್ನ ಮಗಳ ಕೈಗಿಟ್ಟಳು. "ನಮ್ಮೋರು ಬೆಂಗ್ಳೂರಿಂದ ತಂದ್ರು ಕಣತ್ಗೆ. ವೈರಿಲ್ದೆ ಆಡೋದು. ಅವ್ವನ್ ತಾವ ಕುಂತ್ಕಂಡು ಆಡ್ಕತದೆ ಮಗ, ಅವ್ವಂಗೂ ಒತ್ತೋಯ್ತದೆ."

ತಾಯಿಯನ್ನು ನೋಡಿಕೋ ಬಾರೇ ಎಂದರೆ ವೀಡಿಯೋ ಗೇಮ್ ಕೊಟ್ಟು ಕೈ ತೊಳೆದುಕೊಂಡಳು. ನಾನು ಬಾಗಿಲಲ್ಲಿ ನಿಂತು ನಗುನಗುತ್ತಲೇ ಬೀಳ್ಕೊಟ್ಟೆ. ಒಳಗೆ ಬಂದು ಪಾತ್ರೆಗಳನ್ನು ಸ್ವಲ್ಪ ಜೋರಾಗಿಯೇ ತೊಳೆದೆ.

ಆದರೆ ಅವಳ ಮಾತಿನಲ್ಲಿ ಒಂದು ನನ್ನ ತಲೆಯಲ್ಲಿ ಕೂತುಬಿಟ್ಟಿತು. ವೈರಿಲ್ಲದ್ದು. ಹಿಂದೊಮ್ಮೆ ಎದುರುಮನೆಯ ಮಕ್ಕಳ ವೀಡಿಯೋ ಗೇಮನ್ನು ಮಗಳು ತಂದಿದ್ದಳು. ಅದರ ವೈರು ಟಿವಿಯಿಂದ ಒಂದು ಮಾರು ದಾಟುತ್ತಿರಲಿಲ್ಲ. ಟಿವಿ ಗೋಡೆಯ ಶೋಕೇಸಿನಲ್ಲಿತ್ತು, ಆಂಟೆನಾ ವೈರು ಅಲ್ಲಿಗೇ ಬಂದಿತ್ತು, ಅದನ್ನು ಕದಲಿಸುವಂತಿಲ್ಲ. ಮಂಚವನ್ನಂತೂ ಇಟ್ಟಿಗೆ ಹಿಡಿದು ಕೂರಿಸಿತ್ತು. ವೈರಿಲ್ಲದ ಈ ಆಟವಾದರೆ ಮಂಚದವರೆಗೂ ಬರುತ್ತದೆ. ಮೊಮ್ಮಗಳು ಆಡುತ್ತಾಳೆ, ಅಜ್ಜಿ ನೋಡುತ್ತಾರೆ, ನಾನು ಅಡುಗೆಮನೆಯಲ್ಲಿ ಒಂದು ಚಾಪೆ ಹಾಸಿಕೊಂಡು ಕಾಲು ಚಾಚುತ್ತೇನೆ. ಅಷ್ಟು ಯೋಚಿಸುವಷ್ಟರಲ್ಲೇ ನನ್ನ ಸೊಂಟ ಸ್ವಲ್ಪ ಹಗುರಾಯಿತು.

ಮಗಳು ಡಬ್ಬ ಬಿಚ್ಚಿದಳು. ಕಪ್ಪು ಪ್ಲಾಸ್ಟಿಕ್ಕಿನ ಒಂದು ಪೆಟ್ಟಿಗೆ, ತಲೆಯ ಮೇಲೆ ಕ್ಯಾಸೆಟ್ ಸಿಗಿಸುವ ಬಾಯಿ. ಮುಂದುಗಡೆ ಸರಿಯಾಗಿ ನಡುವೆ, ಗಾಜಿನಂತೆ ಹೊಳೆಯುವ ಒಂದು ಕಡುಗೆಂಪು ಪಟ್ಟಿ. ಜೊತೆಗೆ ಸೆಲ್ ಹಾಕಿ ಆಡುವ ಎರಡು ರಿಮೋಟು. ನಮ್ಮ ಟಿವಿಗೆ ರಿಮೋಟ್ ಇರಲಿಲ್ಲ, ಎದ್ದು ಹೋಗಿ ಗುಂಡಿ ಒತ್ತುವ ಟಿವಿ. ಹಾಗಾಗಿ ಮನೆಗೆ ಬಂದ ಮೊದಲ ರಿಮೋಟು ಅದೇ. ಮಗಳು ಅದನ್ನು ಟಿವಿಗೆ ಸೇರಿಸಲು ಹೋದಳು.

"ನಿಲ್ಲು ಮಗ," ಎಂದರು ಅತ್ತೆ ಮಂಚದಿಂದ. "ಒಸಾ ಸಾಮಾನ್ನ ಅಂಗೇ ಮುಟ್ಬಾರ್ದು. ಒಂದ್ ಬೊಟ್ಟಿಟ್ಟು, ಊದ್ಗಡ್ಡಿ ಬೆಳುಗ್ಬುಡು."

ಇದರಲ್ಲಿ ವಿಶೇಷವೇನೂ ಇರಲಿಲ್ಲ. ನಮ್ಮ ಮನೆಯ ಮಿಕ್ಸಿಗೆ ಬೊಟ್ಟಿತ್ತು, ಸ್ಕೂಟರಿಗೆ ಇತ್ತು, ಇಸ್ತ್ರಿಪೆಟ್ಟಿಗೆಗೆ ಇತ್ತು, ಗ್ಯಾಸ್ ಸಿಲಿಂಡರಿಗೂ ಇತ್ತು. ಹೊಲಿಗೆ ಮಿಷನ್ನಿನದಂತೂ ವರ್ಷವರ್ಷದ್ದೂ ಸೇರಿ ಹೆಪ್ಪುಗಟ್ಟಿತ್ತು. ಅತ್ತೆ ತಾವಾಗಿ ಕುಂಕುಮ ಮುಟ್ಟುತ್ತಿರಲಿಲ್ಲ. ಮಾವ ಹೋದ ಮೇಲೆ ಹೊಸ ಸಾಮಾನಿಗೆ ಬೊಟ್ಟಿಡುವುದನ್ನು ಮನೆಯ ಹೆಣ್ಣುಮಕ್ಕಳ ಕೈಯಲ್ಲೇ ಮಾಡಿಸುತ್ತಿದ್ದರು, ತಾವು ಪಕ್ಕದಲ್ಲಿದ್ದು ಹೇಳುತ್ತಿದ್ದರು. ಮಗಳು ತಟ್ಟೆ ತಂದು, ಅರಿಸಿನ ಕಲಸಿ, ಎಲ್ಲಿಡಬೇಕೆಂದು ಪೆಟ್ಟಿಗೆಯನ್ನು ಆಚೆ ಈಚೆ ತಿರುಗಿಸಿದಳು.

"ಎಲ್ಲದ್ಕೂ ಅಣೆ ಅಂತ ಒಂದಿರ್ತದೆ, ನೋಡ್ಬುಟ್ಟಿಡು," ಎಂದರು ಅಜ್ಜಿ.

ಮಗಳು ನೋಡಿದಳು. ಪೆಟ್ಟಿಗೆಯ ಮುಖದ ನಟ್ಟನಡುವೆ ಆ ಕೆಂಪು ಪಟ್ಟಿ ಹಣೆಯ ಹಾಗೇ ಇತ್ತು. ಅಲ್ಲಿಗೆ ಅರಿಸಿನ ಬಳಿದು ಮೇಲೆ ಕುಂಕುಮವಿಟ್ಟಳು. ಬಹಳ ಚೆಂದ ಕಂಡಿತು. ಅಜ್ಜಿಯೂ ಮೆಚ್ಚಿದರು, ನಾನೂ ಮೆಚ್ಚಿದೆ. ಊದುಬತ್ತಿ ಬೆಳಗಿ, ಪೆಟ್ಟಿಗೆಯನ್ನು ಟಿವಿಯ ಕೆಳಗಿನ ಅರೆಯಲ್ಲಿಟ್ಟು, ಸ್ವಿಚ್ ಹಾಕಿದೆವು. ಟಿವಿಯಲ್ಲಿ ಬಣ್ಣಬಣ್ಣದ ಚಿತ್ರ ಬಂತು, ಸಂಗೀತ ಬಂತು, ಆಟ ಶುರುಮಾಡಲು ಗುಂಡಿ ಒತ್ತಿ ಎಂಬ ಅಕ್ಷರ ಮಿಣುಕಿತು.

ಮಗಳು ಒತ್ತಿದಳು. ಏನೂ ಆಗಲಿಲ್ಲ. ಮತ್ತೆ ಒತ್ತಿದಳು. ಇನ್ನೊಂದು ರಿಮೋಟು ತೆಗೆದುಕೊಂಡಳು, ಅದೂ ಅಷ್ಟೆ. ಅಕ್ಷರ ಮಿಣುಕುತ್ತಲೇ ಇತ್ತು, ಸಂಗೀತ ಮುಗಿದು ಮತ್ತೆ ಮೊದಲಿಂದ ಶುರುವಾಯಿತು.

ಅಲ್ಲಿಂದಾಚೆಗೆ ನಮ್ಮ ಮನೆಯಲ್ಲಿ ನಡೆದದ್ದನ್ನು ನೆನೆಸಿಕೊಂಡರೆ ಈಗಲೂ ಸುಸ್ತಾಗುತ್ತದೆ. ಶನಿವಾರ ಯಜಮಾನರು ಬಂದರು. ಮೇಷ್ಟ್ರಲ್ಲವೇ, ಗೊತ್ತಿಲ್ಲ ಎನ್ನುವ ಮಾತು ಅವರ ಬಾಯಲ್ಲಿ ಬರುವುದಿಲ್ಲ. ರಿಮೋಟನ್ನು ಕಿವಿಯ ಹತ್ತಿರ ಅಲ್ಲಾಡಿಸಿ, ಅಂಗೈಗೆ ಎರಡೇಟು ಹೊಡೆದು, "ಸೆಲ್ಲು ಕಣೇ, ಸೆಲ್ ವೀಕು," ಎಂದು ತೀರ್ಪು ಕೊಟ್ಟರು. ಗಡಿಯಾರದ ಸೆಲ್ ಬಿಚ್ಚಿ ಹಾಕಿದರು. ಆಟ ಶುರುವಾಗಲಿಲ್ಲ, ಗಡಿಯಾರ ನಿಂತಿತು. ಸೆಲ್ಲುಗಳನ್ನು ಬಿಸಿಲಿಗಿಟ್ಟು ಕಾಯಿಸಿದರು. ಅಂಗಡಿಯಿಂದ ಹೊಸವನ್ನೇ ತಂದರು. ಸೆಲ್ ಕೂರುವ ಸ್ಪ್ರಿಂಗನ್ನು ಬ್ಲೇಡಿನಲ್ಲಿ ಕೆರೆದರು. ಕ್ಯಾಸೆಟ್ ತೆಗೆದು ಅದರ ಬಾಯಿಗೆ ಉಫ್ ಉಫ್ ಎಂದು ಊದಿದರು. ಟ್ಯೂಬ್‌ಲೈಟು ಅಡ್ಡ ಬರುತ್ತದಂತೆ ಎಂದು ಅವರ ಶಾಲೆಯಲ್ಲಿ ಯಾರೋ ಹೇಳಿದ್ದರಂತೆ, ಅದನ್ನೂ ಆರಿಸಿ ನೋಡಿದ್ದಾಯಿತು. ಸೋಮವಾರ ಬೆಳಿಗ್ಗೆ ಬಸ್ಸಿಗೆ ಹೊರಡುತ್ತಾ, "ಡೂಪ್ಲಿಕೇಟ್ ಮಾಲು, ನನ್ನ ತಂಗಿ ಗಂಡನ ಬುದ್ಧಿಯೇ ಅಷ್ಟು," ಎಂದು ಭಾವಮೈದುನನ ಮೇಲೆ ಹಾಕಿ ಹೋದರು.

ಅತ್ತೆಯ ತೀರ್ಪು ಬೇರೆಯಿತ್ತು. "ದೃಷ್ಟಿ ಆಗದೆ. ಎದುರುಮನೆ ಐಕ್ಳೆಲ್ಲ ಬಂದು ಕಣ್ಬುಟ್ಟವೆ," ಎಂದರು. ಒಣಮೆಣಸಿನಕಾಯಿ, ಉಪ್ಪು ನೀವಳಿಸಿ ಒಲೆಗೆ ಹಾಕಿಸಿದರು. ನಾವೆಲ್ಲ ಕೆಮ್ಮಿದೆವು. ಶುಕ್ರವಾರ ಬಂದಾಗ ಪೆಟ್ಟಿಗೆಯ ಹಣೆಗೆ ಇನ್ನೊಂದು ಸಲ ಅರಿಸಿನ ಬಳಿಸಿ ದೊಡ್ಡದಾಗಿ ಬೊಟ್ಟಿಡಿಸಿದರು. ಅದರ ಮುಂದಿನ ಶುಕ್ರವಾರವೂ.

ಮಗಳಿಗೆ ಬೇಜಾರಾಯಿತು. ಎರಡು ದಿನ ಮುಖ ಊದಿಸಿಕೊಂಡಿದ್ದು ಮೂರನೆಯ ದಿನ ಎದುರುಮನೆಗೆ ಆಡಲು ಹೋದಳು. ಬಿಡದಿದ್ದವರು ಅತ್ತೆಯೇ. "ಅದ್ನ ಇಂಗ್ ಕೊಡು ಮಗ," ಎಂದು ರಿಮೋಟನ್ನು ಇಸಿದುಕೊಂಡರು. ಅದನ್ನು ಎದೆಯ ಮೇಲಿಟ್ಟುಕೊಂಡು, ಟಿವಿ ಹಾಕಿಸಿಕೊಂಡು, ಒತ್ತುತ್ತಾ ಮಲಗುತ್ತಿದ್ದರು. ಮಿಣುಕುವ ಅಕ್ಷರ ನೋಡುವುದು, ಒತ್ತುವುದು. ಅಕ್ಷರ ಅಲ್ಲೇ ಇರುತ್ತಿತ್ತು.

"ಕೆಟ್ಟೋಗಿದೆ ಅತ್ತೆ, ಯಾಕೆ ಸುಮ್ಮನೆ," ಎಂದೆ ಒಂದು ದಿನ.

"ಇಲ್ಲಿ ಒತ್ತುದ್ರೆ ಅಲ್ಲಿ ಅಲ್ಲಾಡ್ಬೇಕಂತೆ ಕನವ್ವ. ಯಾವಾಗ್ಲಾದ್ರೂ ಅಲ್ಲಾಡ್ಬೋದು," ಎಂದರು. ಒಂದು ಕ್ಷಣ ಬಿಟ್ಟು, ನಾನು ಅಡುಗೆಮನೆಯ ಹೊಸಿಲು ದಾಟುವುದಕ್ಕೆ ಮೊದಲೇ, "ಅಮ್ಮಣ್ಣೀ..." ಎಂದು ಕೂಗಿದರು.

ನನಗೆ ರೋಸಿಹೋಯಿತು. ಇದನ್ನು ನಾನೇ ನೋಡಬೇಕು ಎಂದು ಮಾರನೆಯ ದಿನ ರಿಮೋಟನ್ನು ಟಿಫನ್ ಕ್ಯಾರಿಯರಿನ ಪಕ್ಕದಲ್ಲಿ ವ್ಯಾನಿಟಿ ಬ್ಯಾಗಿಗೆ ತುರುಕಿಕೊಂಡು ಹೋದೆ. ಪೆಟ್ಟಿಗೆ ಹೊರಲು ಆ ಬಸ್ಸಿನಲ್ಲಿ ಜಾಗವೆಲ್ಲಿ? ಶ್ರೀರಂಗಪಟ್ಟಣದ ಪೇಟೆಬೀದಿಯಲ್ಲಿ ರೇಡಿಯೋ, ಟಿವಿ ರಿಪೇರಿ ಮಾಡುವ ಒಂದು ಅಂಗಡಿ ಇತ್ತು. ಊಟದ ಹೊತ್ತಿನಲ್ಲಿ ಊಟ ಬಿಟ್ಟು ಅಲ್ಲಿಗೆ ಹೋದೆ. ಅಂಗಡಿಯವನು ಒಂದು ಹಳೇ ರೇಡಿಯೋ ಹಾಕಿ, ಸ್ಟೇಷನ್ ಇಲ್ಲದ ಕಡೆ ಮುಳ್ಳು ತಿರುಗಿಸಿ, ನಮ್ಮ ರಿಮೋಟನ್ನು ಅದಕ್ಕೆ ಅಂಟಿಸಿ ಹಿಡಿದು ಗುಂಡಿ ಒತ್ತಿದ. ರೇಡಿಯೋ ಕರಕರ ಎಂದಿತು. ಬಿಟ್ಟ, ನಿಂತಿತು. ಒತ್ತಿದ, ಕರಕರ.

"ನೋಡ್ರಮ್ಮ, ಇದು ಸರಿಯಾಗೇ ಕೂಗ್ತಾ ಅದೆ," ಎಂದ. "ಇದ್ಕೇನೂ ಆಗಿಲ್ಲ. ಆ ಪೆಟ್ಗೆಲಿ ಒಂದ್ ಕಣ್ಣಿರ್ತದೆ, ಮುಂದ್ಗಡೆ. ಅದು ಸತ್ತೋಗಿರ್ಬೇಕು. ಅದು ಇಲ್ಲೆಲ್ಲ ಸಿಕ್ಕಾಕಿಲ್ಲ. ಪೆಟ್ಗೆ ಬಿಸಾಕ್ಬುಡಿ."

ಸಂಜೆ ಬಸ್ಸಿನಲ್ಲಿ ಯಾರದೋ ಮೊಣಕೈ ತಿವಿಸಿಕೊಳ್ಳುತ್ತಾ, ನನ್ನ ಒಂದು ಗಂಟೆಗೆ ಎಳ್ಳುನೀರು ಬಿಟ್ಟೆ. ಬಿಸಾಕುವುದೇ ಸರಿ. ಇನ್ನೂ ಒಂದು ತಿಂಗಳು ತೂಕ ಇರಲಿ ಎಂದು ಆ ವಾರವಷ್ಟೇ ಡಾಕ್ಟರು ಹೇಳಿದ್ದರು. ಒಂದು ತಿಂಗಳು "ಅಮ್ಮಣ್ಣೀ", ಒಂದು ತಿಂಗಳು "ಏನತ್ತೆ", ಒಂದು ತಿಂಗಳು "ಏನಿಲ್ಲ ಕನವ್ವ". ಕಣ್ಣು ಮುಚ್ಚಿದರೆ ನಿಂತಲ್ಲೇ ನಿದ್ದೆ ಬರುವಂತಿತ್ತು.

ಮನೆಗೆ ಬಂದು, ಬಿಸಾಕುವ ಮೊದಲು ಆ ಸತ್ತ ಕಣ್ಣನ್ನಾದರೂ ನೋಡೋಣವೆಂದು ಪೆಟ್ಟಿಗೆಯ ಮುಂದೆ ಕುಕ್ಕರಗಾಲಲ್ಲಿ ಕೂತೆ. ಮುಂದುಗಡೆ ಇರುತ್ತದೆ ಎಂದಿದ್ದನಲ್ಲ. ಮುಂದುಗಡೆ ಒಂದು ಸ್ವಿಚ್ಚಿತ್ತು. ಒಂದು ಸಣ್ಣ ದೀಪ ಇತ್ತು. ಕಣ್ಣೆನ್ನುವಂಥದ್ದು ಏನೂ ಇರಲಿಲ್ಲ. ನಡುವೆ ಅರಿಸಿನದ ಹೆಕ್ಕಳೆಯ ಮೇಲೆ ಕುಂಕುಮ, ಅದರ ಮೇಲೆ ಅರಿಸಿನ, ಅದರ ಮೇಲೆ ಮತ್ತೆ ಕುಂಕುಮ. ಅಂಚಿನಲ್ಲಿ ಒಂದೆಳೆಯಷ್ಟು ಕಡುಗೆಂಪು ಗಾಜು ಇಣುಕುತ್ತಿತ್ತು.

ಸಿಟ್ಟು ಬಂತು, ನಗುವೂ ಬಂತು, ಯಾವುದಕ್ಕೂ ಮೈಯಲ್ಲಿ ತ್ರಾಣ ಇರಲಿಲ್ಲ. ಕೆಟ್ಟಿದೆ ಎಂದು ನಾವು ಬೊಟ್ಟಿಟ್ಟದ್ದು, ಬೊಟ್ಟಿಟ್ಟಷ್ಟೂ ಅದಕ್ಕೆ ಕಣ್ಣು ಮುಚ್ಚಿದ್ದು. ಓದಿದವರು ಇಬ್ಬರಿದ್ದೆವು ಮನೆಯಲ್ಲಿ. ಬೊಟ್ಟನ್ನು ನಾವಿಬ್ಬರೂ ನೋಡಿದ್ದೆವು, ದಿನವೂ ನೋಡಿದ್ದೆವು. ಬೊಟ್ಟು ಇರಬೇಕಾದ ವಸ್ತುವೇ ಆದ್ದರಿಂದ ಅದು ಕಾಣಿಸಿರಲಿಲ್ಲ.

ಸೆರಗಿನ ತುದಿ ನೀರಿಗದ್ದಿ ಒರೆಸಲು ಹೋದೆ.

"ಏನ್ಮಾಡ್ತಿದ್ದೀಯವ್ವ?" ಎಂದರು ಅತ್ತೆ.

ಹೇಳಿದೆ. ರಿಮೋಟು ಕೂಗುತ್ತಿದೆ, ಪೆಟ್ಟಿಗೆಯ ಕಣ್ಣಿಗೆ ಕುಂಕುಮ ಮುಚ್ಚಿಕೊಂಡಿದೆ, ಅದಕ್ಕೇ ಕಾಣಿಸುತ್ತಿಲ್ಲ, ಒರೆಸಬೇಕು ಎಂದೆ.

ಅವರ ಮುಖ ಬದಲಾಯಿತು. "ಇಟ್ಟ್ ಕುಂಕ್ಮ ಒರ್ಸಾರೇನವ್ವ?" ಎಂದರು ಮೆಲ್ಲಗೆ.

ನನ್ನ ಕೈ ಅಲ್ಲೇ ನಿಂತಿತು. ಮಾವ ತೀರಿಕೊಂಡಾಗ ಸಿಂಧಘಟ್ಟದ ಮನೆಯ ಜಗಲಿಯಲ್ಲಿ ನಾಲ್ಕು ಜನ ಮುದುಕಿಯರು ಇವರ ಹಣೆಗೆ ಕೈ ಹಾಕಿದ್ದನ್ನು ನಾನು ಬಾಗಿಲ ಸಂದಿಯಲ್ಲಿ ನಿಂತು ನೋಡಿದ್ದೆ. ಆಳುಗಳನ್ನು ಗದರುತ್ತಿದ್ದ ಹೆಂಗಸು ಅವತ್ತು ಒಂದು ಮಾತೂ ಆಡಿರಲಿಲ್ಲ. ಬೇರೆ ಯಾರಾದರೂ ಕುಂಕುಮ ಒರೆಸಬೇಡ ಎಂದಿದ್ದರೆ ನಾನು ಮೂಢನಂಬಿಕೆ ಎಂದು ಒಂದು ಭಾಷಣ ಬಿಗಿಯುತ್ತಿದ್ದೆ. ಇವರೆದುರು ಮಾತ್ರ, ಬೇಡವೆಂದರೆ ಬೇಡ, ಈ ಪೆಟ್ಟಿಗೆಯೂ ಬೇಡ, ನನ್ನ ಗಂಟೆಯೂ ಬೇಡ ಎಂದು ಏಳಹೊರಟೆ.

"ಓಗ್ಬ್ಯಾಡ, ಕುಂತ್ಕೊ," ಎಂದರು. ಸೂರು ನೋಡುತ್ತಾ ಯೋಚಿಸಿದರು. "ಮೊದ್ಲು ಇನ್ನೊಂದ್ ಕಡಿಕೆ ಒಸಾ ಬೊಟ್ಟಿಡು. ತಲೆ ಮ್ಯಾಲಾದ್ರೂ ಇಡು. ಅದಿಟ್ಟಾದ್ಮೇಲೆ ಇದ್ನ ತಗಿ. ಒಂದ್ ಗಳ್ಗೇನೂ ಬೋಳ್ ಬುಡ್ಬ್ಯಾಡ."

ಹಾಗೇ ಮಾಡಿದೆ. ಪೆಟ್ಟಿಗೆಯ ನೆತ್ತಿಯ ಮೇಲೆ, ಕ್ಯಾಸೆಟ್ ಬಾಯಿಯ ಪಕ್ಕದಲ್ಲಿ ಹೊಸ ಬೊಟ್ಟಿಟ್ಟು, ಆಮೇಲೆ ಹಣೆಯದನ್ನು ಒದ್ದೆ ಬಟ್ಟೆಯಲ್ಲಿ ನೆನೆಸಿ ನೆನೆಸಿ ತೆಗೆದೆ. ಗಾಜು ಹೊಳೆಯಿತು. ಎದುರುಮನೆಯಿಂದ ಮಗಳನ್ನು ಕೂಗಿ ಕರೆದೆ. ಅವಳು ಪೆಟ್ಟಿಗೆಯ ಎದುರು ಕೂತು ಒತ್ತಿದಳು. ಮಿಣುಕುವ ಅಕ್ಷರ ಮಾಯವಾಗಿ ಆಟ ಶುರುವಾಯಿತು. ಅವಳು ಕುಣಿದಾಡಿದಳು. ಅಷ್ಟು ದಿನದಿಂದ ನಿಂತೇ ಇದ್ದ ಗಡಿಯಾರದ ಕೆಳಗೆ ಕೂತು ನಾನು ಗಟ್ಟಿಯಾಗಿ ನಕ್ಕೆ.

"ನಂಗ್ ಕೊಡು ಮಗ," ಎಂದು ಅತ್ತೆ ಕೈ ಚಾಚಿದರು.

ಅವರ ಕೈಗೆ ಹೋದೊಡನೆ ಆಟ ನಿಂತುಹೋಯಿತು. ಒತ್ತಿದರು, ಇಲ್ಲ. ಮಗಳು ಇಸಿದುಕೊಂಡು ಎದುರಿಗೆ ಹೋದರೆ ಆಡುತ್ತದೆ. ಮಂಚಕ್ಕೆ ಬಂದರೆ ಇಲ್ಲ. "ನನ್ನ ಕೈಗೇ ಬರಾಕಿಲ್ಲ ಅಂತದೆ ಕನವ್ವ," ಎಂದು ಅತ್ತೆ ರಿಮೋಟನ್ನು ಹಾಸಿಗೆಯ ಮೇಲೆ ಕುಕ್ಕಿದರು. ಅವರ ಕಣ್ಣಂಚಿನಲ್ಲಿ ನೀರು ಬಂದದ್ದನ್ನು ನಾನು ಕಂಡೆ. ಕಾಲು ಮುರಿದಾಗ, ತೂಕ ಕಟ್ಟುವಾಗ, ನಾಗಮಂಗಲದ ಮಗಳು ಒಂದೇ ದಿನಕ್ಕೆ ಎದ್ದು ಹೋದಾಗ ಬರದೇ ಇದ್ದದ್ದು ಆಗ ಬಂತು.

ನಾನು ಮಂಚದ ಮೇಲೆ ಅವರ ತಲೆಯ ಪಕ್ಕ ತಲೆಯಿಟ್ಟು, ಅವರಿಗೆ ಏನು ಕಾಣುತ್ತದೆಂದು ನೋಡಿದೆ. ಟಿವಿ ಕಾಣುತ್ತಿತ್ತು. ಅದರ ಕೆಳಗಿನ ಅರೆ ಕಾಣುತ್ತಿರಲಿಲ್ಲ. ಎತ್ತರಿಸಿದ ಕಾಲುದೆಸೆ, ಪಟ್ಟಿ ಸುತ್ತಿದ ಕಾಲು, ರಾಟೆ, ಹಗ್ಗ ಎಲ್ಲ ನಡುವೆ ಬೇಲಿಯಾಗಿದ್ದವು. ಇಷ್ಟು ದಿನ ಅವರ ಪಕ್ಕ ನಿಂತು ಅವರನ್ನು ನೋಡಿದ್ದೆನೇ ಹೊರತು, ಅವರು ಮಲಗಿದಲ್ಲಿಂದ ಮನೆ ಹೇಗೆ ಕಾಣುತ್ತದೆಂದು ನೋಡಿರಲಿಲ್ಲ. ಅಲ್ಲಿಂದ ಕಾಣುತ್ತಿದ್ದದ್ದು ಸೂರು, ಫ್ಯಾನು, ಟಿವಿ, ಅಡುಗೆಮನೆಯ ಬಾಗಿಲಿನ ನೆತ್ತಿ.

ಎದ್ದು ಟಿವಿ ಮೇಲಿದ್ದ ಪ್ಲಾಸ್ಟಿಕ್ ಹೂವಿನ ಕುಂಡ ತೆಗೆದು ನೆಲಕ್ಕಿಟ್ಟೆ. ಕಸೂತಿ ಬಟ್ಟೆಯನ್ನೂ ಎಳೆದು ಹಾಕಿದೆ. ಪೆಟ್ಟಿಗೆಯನ್ನು ಟಿವಿ ತಲೆಯ ಮೇಲೆ, ಮಂಚದ ಕಡೆ ಮುಖ ಮಾಡಿ ಕೂರಿಸಿದೆ.

"ಈಗ ಒತ್ತಿ ಅತ್ತೆ."

ಒತ್ತಿದರು. ಅಲ್ಲಾಡಿತು.

ಮಗಳು ಅವರಿಗಾಗಿ ಒಂದು ಸುಲಭದ ಆಟ ಹುಡುಕಿ ಹಾಕಿಕೊಟ್ಟಳು. ಮೇಲಿನಿಂದ ಒಂದೊಂದೇ ತುಂಡು ಬೀಳುತ್ತವೆ, ಆಚೆ ಈಚೆ ಸರಿಸಿ ಸಂದಿಲ್ಲದಂತೆ ಜೋಡಿಸಬೇಕು. ಅತ್ತೆಗೆ ಅದು ಯಾರೂ ಹೇಳಿಕೊಡದೆ ಅರ್ಥವಾಯಿತು. "ಉಲ್ಲಿನ್ ಮೆದೆ ಒಟ್ಟೋದ್ ತಾನೆ?" ಎಂದರು. ಎರಡು ದಿನದಲ್ಲಿ ಮೊಮ್ಮಗಳನ್ನೇ ಗದರತೊಡಗಿದರು. "ಸಂದು ಬುಟ್ಟೆಲ್ಲೇ, ನೀರಿಳ್ದು ಕೊಳೀತದೆ!" ಕಣದಲ್ಲಿ ಕೇಳುತ್ತಿದ್ದ ಆ ಗದರು ನಮ್ಮ ಹಾಲ್‌ನಲ್ಲಿ ಮತ್ತೆ ಕೇಳಿತು.

ಹಾಗೇ ಒಂದು ಸಂಜೆ ಮಗಳು ಟ್ಯೂಷನ್‌ಗೆ ಹೋಗಿದ್ದಳು, ಅತ್ತೆ ಒಬ್ಬರೇ ಆಡುತ್ತಿದ್ದರು. ನಾನು ಅಡುಗೆಮನೆಯಲ್ಲಿ ಚಾಪೆ ಹಾಸಿ, ರಾಗಿ ಮೂಟೆಯ ಮೇಲೆ ಎರಡೂ ಕಾಲಿಟ್ಟು ಮಲಗಿದೆ. ನನ್ನ ಗಂಟೆ ಬಂದಿತ್ತು. ಸುಖವಾಗಿತ್ತು, ಸುಳ್ಳು ಹೇಳುವುದಿಲ್ಲ. ಸ್ವಲ್ಪ ಹೊತ್ತು ಮಾತ್ರ. ಆಮೇಲೆ ಕಿವಿ ತಾನಾಗಿ ನಿಮಿರಿತು. ಈಗ ಕರೆಯುತ್ತಾರೆ ಎಂದುಕೊಂಡೆ, ಕರೆಯಲಿಲ್ಲ. ನಿದ್ದೆ ಹತ್ತಲಿಲ್ಲ. ಕೊನೆಗೆ ತಡೆಯಲಾರದೆ ಎದ್ದು ಹೋಗಿ ಹಾಲ್‌ನ ಬಾಗಿಲಲ್ಲಿ ನಿಂತೆ.

"ಯಾಕವ್ವ ಎದ್ ಬಂದೆ? ನಾ ಕರೀನಿಲ್ವಲ್ಲ," ಎಂದರು, ಟಿವಿಯಿಂದ ಕಣ್ಣು ಕೀಳದೆ.

"ಕರೀಲಿಲ್ಲ ಅಂತಲೇ ಬಂದೆ ಅತ್ತೆ."

ಅವರು ಒಂದು ತುಂಡನ್ನು ಮೂಲೆಗೆ ಸರಿಸಿ ಕೂರಿಸಿದರು. ಆಮೇಲೆ, ಆಡುತ್ತಲೇ, ಹೇಳಿದರು: "ಇಟ್ಗೆ ಕಟ್ಕಂಡು ಅಲ್ಲಾಡ್ದಂಗೆ ಬಿದ್ದಿದ್ರೆ, ನನ್ನಾಗ್ಲೇ ಮಣ್ಗಾಕ್ಬುಟ್ಟವ್ರೇನೋ ಅನ್ಸೋದು ಕನವ್ವ. ನೀವೆಲ್ಲ ಓಡಾಡ್ತಿದ್ರಿ, ಸದ್ದು ಕೇಳೋದು, ಕಾಣ್ತಿರ್ನಿಲ್ಲ. ಕೂಗುದ್ರೆ ನೀನು 'ಏನತ್ತೆ' ಅನ್ನೀಯಲ್ಲ, ಓ, ಇನ್ನೂ ಇವ್ನಿ, ಸತ್ತಿಲ್ಲ ಅನ್ಕತ್ತಿದ್ದೆ. ಈಗ ಇದ್ನ ಒತ್ತುದ್ರೆ ಅದ್ ಅಲ್ಲಾಡ್ತದೆ. ನೀ ಓಗ್ ಮಲಿಕೊ, ನಾ ಕೂಗಾಕಿಲ್ಲ."

ನನಗೆ ಅಳು ಬರುವ ಮೊದಲು ಸಿಟ್ಟು ಬಂತು. ಇದನ್ನು ಮೊದಲನೆಯ ದಿನವೇ ಹೇಳಬಾರದಿತ್ತೇ? ಹಿಟ್ಟಿನ ಕೈ ತೊಳೆದುಕೊಂಡು ಓಡಿಬರುವ ಬದಲು ಒಲೆಯ ಮುಂದೆ ಕೂತೇ ನೂರು ಸಲ ಏನತ್ತೆ ಎನ್ನುತ್ತಿದ್ದೆನಲ್ಲ! ಅವರಿಗೆ ಬೇಕಾಗಿದ್ದದ್ದು ನನ್ನ ಕಾಲಲ್ಲ, ಬರೀ ನನ್ನ ಗಂಟಲು. ಹಾಗೆಂದು ಹೇಳಿಯೂಬಿಟ್ಟೆ. ಅತ್ತೆ ನಕ್ಕರು. ನಗುವ ಭರದಲ್ಲಿ ಒಂದು ತುಂಡು ಎಲ್ಲೋ ಬಿದ್ದು ಸಂದಾಯಿತು, ಅದಕ್ಕೆ ನನ್ನನ್ನೇ ಬೈದರು. ನಾನು ಅಡುಗೆಮನೆಗೆ ಹೋಗಿ ಸೆರಗು ಬಾಯಿಗೆ ಒತ್ತಿಕೊಂಡು ಅತ್ತುಬಿಟ್ಟೆ.

ಅದಾಗಿ ಒಂದು ವಾರ ಕಳೆದಿರಬಹುದು. ಮುಸ್ಸಂಜೆ. ಮಗಳು ಇನ್ನೂ ಟ್ಯೂಷನ್ನಿನಿಂದ ಬಂದಿರಲಿಲ್ಲ. ನಾನು ಮುದ್ದೆಗೆ ಎಸರಿಟ್ಟು ಹಿಟ್ಟು ಹಾಕಿ ಕೋಲು ಹಿಡಿದಿದ್ದೆ. ಹಾಲ್‌ನಲ್ಲಿ ಆಟದ ಸಂಗೀತ ಕೇಳುತ್ತಿತ್ತು. ಕರೆಂಟು ಹೋಯಿತು. ಸಂಗೀತ ನಿಂತಿತು, ಫ್ಯಾನು ನಿಂತಿತು, ಮನೆಯೆಲ್ಲ ಕತ್ತಲಾಯಿತು. ಈಗ ಕೂಗುತ್ತಾರೆ ಎಂದು ಕಾದೆ. ಒಲೆಯ ಬೆಳಕಿನಲ್ಲಿ ಮುದ್ದೆ ತೊಳಸುತ್ತಲೇ ಕಾದೆ. ಹಾಲ್ ಕಡೆಯಿಂದ ಒಂದು ಸದ್ದೂ ಬರಲಿಲ್ಲ. ನೀ ಮಲಿಕೊ, ನಾ ಕೂಗಾಕಿಲ್ಲ ಎಂದಿದ್ದರಲ್ಲ, ಮಾತಿಗೆ ತಪ್ಪುವ ಹೆಂಗಸಲ್ಲ ಅದು. ಕತ್ತಲಲ್ಲಿ, ಅಲ್ಲಾಡದ ಟಿವಿಯ ಮುಂದೆ, ಇಟ್ಟಿಗೆ ಕಟ್ಟಿಕೊಂಡು ಸುಮ್ಮನೆ ಬಿದ್ದಿದ್ದರು. ಕೋಲು ಬಿಟ್ಟೆ.

"ಅತ್ತೇ..." ಎಂದು ಕೂಗಿದೆ.

ಎರಡನೆಯ ಸಲ ಕೂಗಬೇಕಾಯಿತು.

"ಇವ್ನಿ ಕನವ್ವ," ಎಂದರು ಕತ್ತಲಿನಿಂದ. "ನೀ ಮುದ್ದೆ ನೋಡ್ಕೊ."